ಯಲಹಂಕ ಬಾಗಿಲು

ಊರಿನಲ್ಲಿಯೇ ಇದ್ದುಕೊಂಡು ಊರನ್ನು ನೋಡದವರ ಪಟ್ಟಿಯೊಂದನ್ನು ಯಾರಾದರೂ ಸಿದ್ಧಪಡಿಸಿದರೆ ನನ್ನ ಹೆಸರು ಅದರ ಮೊದಲ ಪುಟದಲ್ಲಿಯೇ ಬರುವುದರಲ್ಲಿ ಸಂದೇಹವಿಲ್ಲ. ಹಂಪೆಯನ್ನು ಮೂರು ಸಲ ನೋಡಿದ್ದೇನೆ. ಕಾಶಿ ರಾಮೇಶ್ವರಗಳಿಗೂ ಹೋಗಿಬಂದಿದ್ದೇನೆ. ಆದರೆ ಅಟ್ಟೂರಿನ ನನ್ನ ಮನೆಯಿಂದ ಹದಿನಾರೋ ಹದಿನೇಳೋ ಕಿಲೋಮೀಟರು ದೂರದ ಬೆಂಗಳೂರು ಪೇಟೆಗೆ ಹೋದಾಗಲೆಲ್ಲ ಪುಸ್ತಕ, ಪಾತ್ರೆ, ಸೀರೆಗಳನ್ನು ಕೊಂಡು ತಂದೆನೇ ಹೊರತು, ಕತ್ತೆತ್ತಿ ಒಂದು ಗೋಡೆಯನ್ನೂ ನೋಡಲಿಲ್ಲ. ಭಾನುವಾರದ ಬೆಳಿಗ್ಗೆ ಆಸಕ್ತರನ್ನು ಕೂಡಿಸಿಕೊಂಡು ಹಳೆಯ ಪೇಟೆಯನ್ನು ಕಾಲ್ನಡಿಗೆಯಲ್ಲಿ ತೋರಿಸುವ ತಂಡವೊಂದಿದೆಯೆಂದು ಮೊಮ್ಮಗಳು ಹೇಳಿದಾಗ, “ನಮ್ಮೂರನ್ನ ನಮಗೇ ತೋರಿಸೋದಕ್ಕೆ ದುಡ್ಡು ಬೇರೆ ಕೊಡಬೇಕೇನಮ್ಮ?” ಎಂದು ಗೊಣಗಿದೆ. ಗೊಣಗುತ್ತಲೇ ಹೊರಟೆ.

ನಾವೆಲ್ಲ ಸೇರಬೇಕಾಗಿದ್ದ ಸ್ಥಳ ಮೈಸೂರು ಬ್ಯಾಂಕ್ ವೃತ್ತ. ಆ ಹೆಸರಿನ ಬ್ಯಾಂಕು ೨೦೧೭ರಲ್ಲಿ ಭಾರತೀಯ ಸ್ಟೇಟ್ ಬ್ಯಾಂಕಿನಲ್ಲಿ ಲೀನವಾಗಿ ಹೋಯಿತು. ವೃತ್ತ ಮಾತ್ರ ಹಳೆಯ ಹೆಸರನ್ನು ಬಿಟ್ಟಿಲ್ಲ. ವಸ್ತು ಹೋಗಿ ಹೆಸರು ಉಳಿಯುವುದು ಈ ನಗರದ ಸ್ವಭಾವವೆಂಬುದನ್ನು ಆ ದಿನ ಮತ್ತೆ ಮತ್ತೆ ಕಂಡೆ. ಹದಿನೈದು ಇಪ್ಪತ್ತು ಜನ ಸೇರಿದ್ದೆವು. ನಮಗೆ ದಾರಿ ತೋರಬೇಕಾದವನು ಚಟುವಟಿಕೆಯ ತರುಣ. ಒಳ್ಳೆಯ ಕಂಠ, ಅದಕ್ಕಿಂತ ಒಳ್ಳೆಯ ಸಹನೆ. ಅವೆನ್ಯೂ ರಸ್ತೆಯ ತಲೆಯಲ್ಲಿರುವ ಆಂಜನೇಯನ ಗುಡಿಯನ್ನು ತೋರಿಸಿ, “ಇದು ಯಲಹಂಕ ಬಾಗಿಲು ಆಂಜನೇಯಸ್ವಾಮಿ ದೇವಸ್ಥಾನ” ಎಂದ.

ಮೊಮ್ಮಗಳು ನನ್ನ ತೋಳು ಜಗ್ಗಿದಳು. “ತಾತ, ಯಲಹಂಕ ನಮ್ಮನೆ ಹತ್ರ ಅಲ್ವಾ? ಅದರ ಬಾಗಿಲು ಇಲ್ಲಿಗೆ ಹೇಗೆ ಬಂತು? ಮತ್ತೆ, ಬಾಗಿಲು ಎಲ್ಲಿ?”

ಮಕ್ಕಳ ಪ್ರಶ್ನೆಗೆ ಉತ್ತರ ಕೊಡುವುದು ಸುಲಭವಲ್ಲ. ತರುಣನೇ ಹೇಳಿದ: ಪೇಟೆಯ ಸುತ್ತ ಮಣ್ಣಿನ ಗೋಡೆಯಿತ್ತು, ಅದರಾಚೆ ಮುಳ್ಳುಪೊದೆಯ ಬೇಲಿಯಿತ್ತು, ಪೂರ್ವಕ್ಕೆ ಹಲಸೂರು ಬಾಗಿಲು, ದಕ್ಷಿಣಕ್ಕೆ ಆನೇಕಲ್ ಬಾಗಿಲು, ಉತ್ತರಕ್ಕೆ ಈ ಯಲಹಂಕ ಬಾಗಿಲು. ಬಾಗಿಲುಗಳಿಗೆ ಹೆಸರು ಬಂದದ್ದು ಅವು ಇರುವ ಸ್ಥಳದಿಂದಲ್ಲ, ಅವುಗಳ ಮೂಲಕ ಹೋಗುವ ದಾರಿ ತಲುಪುವ ಊರಿನಿಂದ. ಈಗ ಗೋಡೆಯೂ ಇಲ್ಲ, ಬಾಗಿಲೂ ಇಲ್ಲ. ಅಂದರೆ ಆ ಕಾಲದ ಪೇಟೆಯ ವರ್ತಕನಿಗೆ ಉತ್ತರ ದಿಕ್ಕೆಂದರೆ ಯಲಹಂಕವೇ. ಅಷ್ಟೇ ಅಲ್ಲ, ಆ ಬಾಗಿಲಿನಿಂದಲೇ ಅವನ ಪ್ರಭುಗಳು ಬಂದದ್ದು.

ಈ ಪ್ರಭುಗಳ ಕಥೆ ಓದುಗರಿಗೆ ತಿಳಿದದ್ದೇ. ಆವತಿಯಲ್ಲಿ ನೆಲೆಸಿದ ರಣಭೈರೇಗೌಡನ ವಂಶದವರು ಯಲಹಂಕವನ್ನು ರಾಜಧಾನಿ ಮಾಡಿಕೊಂಡು ವಿಜಯನಗರದ ಅಧೀನದಲ್ಲಿ ಆಳಿದರು. ಅವರಲ್ಲಿ ಹಿರಿಯ ಕೆಂಪೇಗೌಡನು ಯಲಹಂಕವನ್ನು ಬಿಟ್ಟುಬಂದು ಹೊಸ ಪಟ್ಟಣವನ್ನು ಕಟ್ಟಿದ ವರ್ಷ ೧೫೩೭ ಎಂದು ಪರಂಪರೆ ಹೇಳುತ್ತದೆ. ಸ್ವಂತ ನಾಣ್ಯ ಟಂಕಿಸಿದ ತಪ್ಪಿಗೆ ಅಳಿಯ ರಾಮರಾಯನು ಅವನನ್ನು ಆನೆಗೊಂದಿಯ ಸೆರೆಯಲ್ಲಿಟ್ಟನೆಂಬುದೂ ಅದೇ ಪರಂಪರೆಯ ಮಾತು.

ದೊಡ್ಡಪೇಟೆ, ಅಂದರೆ ಇಂದಿನ ಅವೆನ್ಯೂ ರಸ್ತೆ, ಚಿಕ್ಕಪೇಟೆಯನ್ನು ಕೂಡುವ ಚೌಕದಲ್ಲಿ ನಿಂತೆವು. ಕೆಂಪೇಗೌಡನು ನಾಲ್ಕು ಜೊತೆ ಎತ್ತುಗಳಿಗೆ ನೇಗಿಲು ಹೂಡಿಸಿ ನಾಲ್ಕು ದಿಕ್ಕಿಗೆ ಬಿಟ್ಟದ್ದು ಇಲ್ಲಿಂದಲೇ ಎನ್ನುತ್ತಾರೆ. ನೇಗಿಲ ಸಾಲುಗಳು ಬೀದಿಗಳಾದವು. ಎತ್ತು ನಿಂತಲ್ಲಿ ಬಾಗಿಲಾಯಿತು. ಬೀದಿಗಳ ನಡುವೆ ಕಸುಬಿಗೊಂದು ಪೇಟೆ: ಅಕ್ಕಿಪೇಟೆ, ರಾಗಿಪೇಟೆ, ಅರಳೆಪೇಟೆ, ಬಳೇಪೇಟೆ, ಕುಂಬಾರಪೇಟೆ, ಗಾಣಿಗರಪೇಟೆ, ಉಪ್ಪಾರಪೇಟೆ. ಇಂದು ಗಾಣಿಗರಪೇಟೆಯಲ್ಲಿ ಗಾಣ ತಿರುಗುವುದಿಲ್ಲ. ಆದರೆ ಆ ಹೆಸರನ್ನು ಕೂಗಿದರೆ ಆಟೋರಿಕ್ಷಾದವನು ತಪ್ಪದೆ ಅಲ್ಲಿಗೆ ಕರೆದೊಯ್ಯುತ್ತಾನೆ.

ಆ ಚೌಕದಲ್ಲಿಯೇ ತರುಣನು ಎಲ್ಲರೂ ಕಾಯುತ್ತಿದ್ದ ಕಥೆಯನ್ನು ಎತ್ತಿಕೊಂಡ. ಹೊಯ್ಸಳ ವೀರಬಲ್ಲಾಳನು ಬೇಟೆಯಲ್ಲಿ ದಾರಿ ತಪ್ಪಿ ಹಸಿದು ಬಂದದ್ದು, ಮುದುಕಿಯೊಬ್ಬಳು ಬೆಂದ ಕಾಳು ಕೊಟ್ಟದ್ದು, ಅದರಿಂದ ಬೆಂದಕಾಳೂರು ಬೆಂಗಳೂರಾದದ್ದು. ಕೇಳುವವರ ಮುಖಗಳೆಲ್ಲ ಅರಳಿದವು. ನನ್ನ ನಾಲಗೆ ಸುಮ್ಮನಿರಲಿಲ್ಲ. “ಸ್ವಾಮಿ, ಎರಡನೆಯ ಬಲ್ಲಾಳ ಪಟ್ಟವೇರಿದ್ದು ೧೧೭೩ರಲ್ಲಿ. ಬೇಗೂರಿನ ನಾಗನಾಥೇಶ್ವರ ದೇವಾಲಯದಲ್ಲಿ ಸುಮಾರು ೮೯೦ರ ವೀರಗಲ್ಲಿನ ಶಾಸನವಿದೆ. ಗಂಗರ ಕಾಲದ್ದು. ಅದರಲ್ಲಿ ‘ಬೆಂಗಳೂರ ಕಾಳಗ’ ಎಂಬ ಮಾತು ಸ್ಪಷ್ಟವಾಗಿದೆ. ಮುದುಕಿ ಕಾಳು ಬೇಯಿಸುವುದಕ್ಕೆ ಇನ್ನೂರ ಎಂಬತ್ತು ವರ್ಷ ಮುಂಚೆಯೇ ಊರಿಗೆ ಹೆಸರಿತ್ತಲ್ಲ!”

ತರುಣ ಸಿಟ್ಟಾಗಲಿಲ್ಲ. ನಗುತ್ತ, “ಗೊತ್ತು ಸರ್. ಆದರೆ ಕಾಳು ಅಂದರೆ ಜನ ನಿಲ್ತಾರೆ, ಕಲ್ಲು ಅಂದರೆ ಹೊರಟುಬಿಡ್ತಾರೆ” ಎಂದ. ಈ ಮಾತಿಗೆ ನನ್ನಲ್ಲಿ ಉತ್ತರವಿರಲಿಲ್ಲ. ಕರ್ಣಾಟಕ ಕವಿಚರಿತೆಯ ಕರ್ತೃಗಳಾದ ಆರ್. ನರಸಿಂಹಾಚಾರ್ಯರು ಆ ಬೇಗೂರಿನ ಶಾಸನವನ್ನು ಬೆಳಕಿಗೆ ತಂದು ನೂರು ವರ್ಷಗಳ ಮೇಲಾಯಿತು. ನೂರು ವರ್ಷಗಳಲ್ಲಿ ಒಂದು ಸತ್ಯವು ಬೇಗೂರಿನಿಂದ ಚಿಕ್ಕಪೇಟೆಯವರೆಗೆ ಬರಲಾರದೆ ಹೋದರೆ ತಪ್ಪು ಆ ತರುಣನದಲ್ಲ. ತಿಳಿದೂ ಮನೆಯಲ್ಲಿ ಕುಳಿತ ನನ್ನಂಥವರದು.

ಮುಂದೆ ಕೃಷ್ಣರಾಜೇಂದ್ರ ಮಾರುಕಟ್ಟೆಯನ್ನು ದಾಟಿ ಕೋಟೆಗೆ ಬಂದೆವು. ಮಣ್ಣಿನ ಕೋಟೆಯನ್ನು ಹೈದರಾಲಿಯು ೧೭೬೧ರಲ್ಲಿ ಕಲ್ಲಿನಿಂದ ಕಟ್ಟಿಸಿದ. ೧೭೯೧ರ ಮಾರ್ಚ್ ೨೧ರಂದು ಕಾರ್ನ್‌ವಾಲಿಸನ ಸೈನ್ಯವು ಅದನ್ನು ಒಡೆದು ನುಗ್ಗಿತು. ಒಡೆದ ಸ್ಥಳದಲ್ಲಿ ಗೆದ್ದವರು ಹಾಕಿಸಿದ ಕಲ್ಲಿನ ಫಲಕವಿದೆ. ಸೋತು ಸತ್ತವರ ಹೆಸರು ಎಲ್ಲಿಯೂ ಇಲ್ಲ. ಅಲ್ಲಿಯೇ ತರುಣನು ಲಕ್ಷ್ಮೀದೇವಿಯ ಕಥೆಯನ್ನು ಹೇಳಿದ: ಕೋಟೆಯ ದಕ್ಷಿಣದ ಬಾಗಿಲು ಕಟ್ಟಿದಷ್ಟೂ ಬೀಳುತ್ತಿರಲು, ಕೆಂಪೇಗೌಡನ ಸೊಸೆ, ಬಸುರಿ ಹೆಣ್ಣುಮಗಳು, ರಾತ್ರಿ ಒಬ್ಬಳೇ ಬಂದು ತನ್ನನ್ನೇ ಬಲಿಗೊಟ್ಟಳಂತೆ. ಗುಂಪು ಮೌನವಾಯಿತು. ಆಕೆಯ ಸ್ಮಾರಕವೆಂದು ಜನ ನಂಬಿರುವ ಗುಡಿ ಕೋರಮಂಗಲದಲ್ಲಿದೆ. ಅಲ್ಲಿ ಒಂದು ಗಂಟೆಯ ವಿರಾಮದೊಡನೆ ನಮ್ಮ ನಡಿಗೆ ಮುಗಿಯಿತು.

ಬಸ್ಸಿಗಾಗಿ ಕೆಂಪೇಗೌಡ ನಿಲ್ದಾಣಕ್ಕೆ ಬಂದೆವು. ಅದು ಹಿಂದೆ ಧರ್ಮಾಂಬುಧಿ ಕೆರೆ. ನೀರು ನಿಂತಲ್ಲಿ ಈಗ ಬಸ್ಸು ನಿಲ್ಲುತ್ತದೆ. ಬಳ್ಳಾರಿ ರಸ್ತೆಯಲ್ಲಿ ಮೇಖ್ರಿ ವೃತ್ತದ ಬಳಿ ಬಂದಾಗ, ಊರು ಇಲ್ಲಿಯವರೆಗೆ ಬೆಳೆಯುತ್ತದೆಂದು ಇಮ್ಮಡಿ ಕೆಂಪೇಗೌಡನು ಗುರುತಿಗಾಗಿ ಕಟ್ಟಿಸಿದನೆಂಬ ಗೋಪುರಗಳಲ್ಲೊಂದು ಅಲ್ಲಿರುವುದನ್ನು ಮೊಮ್ಮಗಳಿಗೆ ಹೇಳಿದೆ. “ಹಾಗಾದ್ರೆ ನಾವು ಊರಿನ ಹೊರಗಡೆಯವರಾ?” ಎಂದಳು. ಬೆಳಗಿನಿಂದ ನನ್ನ ಮನಸ್ಸಿನಲ್ಲಿ ಮುಳ್ಳಿನಂತಿದ್ದ ಮಾತನ್ನೇ ಮಗು ಆಡಿತ್ತು. ನಡಿಗೆ ಯಲಹಂಕ ಬಾಗಿಲಿನಿಂದ ಒಳಕ್ಕೆ ಹೋಯಿತೇ ಹೊರತು ಹೊರಕ್ಕೆ ಒಂದು ಹೆಜ್ಜೆಯನ್ನೂ ಇಡಲಿಲ್ಲ. ಹೆಬ್ಬಾಳ ಬಂದೊಡನೆ, “ಬಾ, ಇಳಿಯೋಣ” ಎಂದೆ.

೨೦೧೮ರಲ್ಲಿ ಹೆಬ್ಬಾಳದಲ್ಲಿ ಚರಂಡಿಯ ಕೆಲಸಕ್ಕೆಂದು ನೆಲ ಅಗೆಯುತ್ತಿದ್ದಾಗ ಒಂದು ಕಲ್ಲು ಸಿಕ್ಕಿತು. ಬೆಂಗಳೂರಿನ ಶಾಸನಗಳ ಹಿಂದೆ ಬಿದ್ದಿದ್ದ ಕೆಲವು ಉತ್ಸಾಹಿಗಳಿಗೆ ಸುದ್ದಿ ತಲುಪದಿದ್ದರೆ ಅದು ಮಣ್ಣಿನೊಡನೆ ಮಣ್ಣಾಗಿ ಹೋಗುತ್ತಿತ್ತು. ತೊಳೆದು ಓದಿದರೆ ಸುಮಾರು ೭೫೦ನೆಯ ಇಸವಿಯ ವೀರಗಲ್ಲು! ಇದುವರೆಗೆ ಬೆಂಗಳೂರಿನಲ್ಲಿ ದೊರೆತಿರುವ ಕನ್ನಡ ಶಾಸನಗಳಲ್ಲಿ ಇದೇ ಅತಿ ಹಳೆಯದು. ಗಂಗರ ಶ್ರೀಪುರುಷ ಮಹಾರಾಜನು ಆಳುತ್ತಿದ್ದಾಗ, ಅವನ ಮಗ ಸಿಯಗೆಲ್ಲನು ಪೆರ್ಬೊಳಲ್‌ನಾಡು ಮೂವತ್ತನ್ನು ಆಳುತ್ತಿದ್ದಾಗ, ಕಿತ್ತಯನೆಂಬವನು ಕಾದಿ ಮಡಿದನೆಂದು ಅದರಲ್ಲಿದೆ. ಈಗ ಕಲ್ಲಿಗೊಂದು ಮಂಟಪ ಎದ್ದಿದೆ. ಊರಿನವರೇ ಮುಂದೆ ನಿಂತು ಅದನ್ನು ಕಾಪಾಡಿಕೊಂಡಿದ್ದಾರೆ.

ಮಂಟಪದ ಮುಂದೆ ನಿಂತು ಮೊಮ್ಮಗಳಿಗೆ ಹೇಳಿದೆ: “ಪೊಳಲ್ ಅಂದರೆ ಪಟ್ಟಣ. ಪೆರ್ ಅಂದರೆ ದೊಡ್ಡದು. ಪೆರ್ಬೊಳಲ್ ಅಂದರೆ ದೊಡ್ಡ ಪಟ್ಟಣ. ಹಳೆಗನ್ನಡದ ಪುಲಿ ಹುಲಿಯಾಯಿತು, ಪಾಲು ಹಾಲಾಯಿತು, ಪಳ್ಳಿ ಹಳ್ಳಿಯಾಯಿತು. ಹಾಗೆಯೇ ಪೆರ್ಬೊಳಲ್ ಹೆಬ್ಬೊಳಲಾಗಿ, ಹೆಬ್ಬಾಳವಾಯಿತು. ಕೆಂಪೇಗೌಡರು ನೇಗಿಲು ಹೂಡಿಸೋದಕ್ಕೆ ಏಳುನೂರ ಎಂಬತ್ತು ವರ್ಷಗಳಿಗೂ ಹಿಂದೆ ಇಲ್ಲಿ ದೊಡ್ಡ ಪಟ್ಟಣ ಅನ್ನಿಸಿಕೊಂಡ ಊರಿತ್ತು ಕಣಮ್ಮ. ಹೊರಗಡೆಯವರು ಯಾರು ಈಗ ಹೇಳು.”

ಅವಳು ಕಲ್ಲನ್ನು ಬಹಳ ಹೊತ್ತು ನೋಡಿದಳು. “ಕಿತ್ತಯನ ಕಥೆ ಏನು ತಾತ?” ಎಂದಳು. ಕಲ್ಲಿನಲ್ಲಿರುವಷ್ಟೇ ಅವನ ಕಥೆ. ಲಕ್ಷ್ಮೀದೇವಿಗೆ ಕಥೆಯಿದೆ, ಕಲ್ಲಿನ ಬರೆಹವಿಲ್ಲ. ಕಿತ್ತಯನಿಗೆ ಬರೆಹವಿದೆ, ಕಥೆಯಿಲ್ಲ. ಜನ ನೆನಪಿಟ್ಟರೆ ಮಾತ್ರ ಮೊದಲನೆಯದು ಉಳಿಯುತ್ತದೆ. ಜನ ಮರೆತರೂ ಕಲ್ಲನ್ನು ಒಡೆಯದಿದ್ದರೆ ಎರಡನೆಯದು ಉಳಿಯುತ್ತದೆ. ನಾವಾದರೋ ಮರೆಯುವುದರ ಜೊತೆಗೆ ಒಡೆಯುವುದನ್ನೂ ಕಲಿತಿದ್ದೇವೆ.

ಹೆಬ್ಬಾಳದಿಂದ ಯಲಹಂಕದ ಕಡೆಗೆ ಬರುವಾಗ ಕೊಡಿಗೇಹಳ್ಳಿಯ ಬಳಿ ಹಳೇಬೆಂಗಳೂರು ಎಂಬ ಪುಟ್ಟ ಹಳ್ಳಿಯಿತ್ತು. ಕೆಂಪೇಗೌಡನು ಹೊಸ ಪಟ್ಟಣಕ್ಕೆ ಇದರ ಹೆಸರನ್ನೇ ಇಟ್ಟನೆಂದು ಹೇಳುವುದುಂಟು. ಇನ್ನೂ ಮುಂದೆ ಹೋದರೆ ಯಲಹಂಕ. ದೊಮ್ಮಲೂರಿನ ಚೊಕ್ಕನಾಥಸ್ವಾಮಿ ದೇವಾಲಯದ ತಮಿಳು ಶಾಸನಗಳಲ್ಲಿ ‘ಇಲೈಪಾಕ್ಕ ನಾಡು’ ಎಂದು ಕರೆದಿರುವುದು ಈ ಯಲಹಂಕ ನಾಡನ್ನೇ. ಇಂದು ನಗರದ ನಡುವಿನಲ್ಲಿರುವ ದೊಮ್ಮಲೂರು ಹದಿಮೂರನೆಯ ಶತಮಾನದಲ್ಲಿ ಯಲಹಂಕ ನಾಡಿನ ಒಂದು ಊರು! ೨೦೦೭ರಲ್ಲಿ ಯಲಹಂಕ ನಗರಸಭೆಯನ್ನು ಬೃಹತ್ ಬೆಂಗಳೂರು ಮಹಾನಗರ ಪಾಲಿಕೆಯೊಳಗೆ ಸೇರಿಸಿದರು. ನಮ್ಮ ಅಟ್ಟೂರು ಅದರ ೩ನೆಯ ವಾರ್ಡಾಯಿತು. ಬೆಂಗಳೂರು ಯಲಹಂಕವನ್ನು ಸೇರಿಸಿಕೊಂಡಿತೆಂದು ಎಲ್ಲರೂ ಹೇಳಿದರು. ಮಗಳ ಮನೆಗೆ ತಾಯಿ ಬಂದಳೆಂದು ಯಾರೂ ಹೇಳಲಿಲ್ಲ.

ಇಷ್ಟು ಹೇಳಿದ ಮೇಲೆ ನನ್ನ ತಪ್ಪೊಂದನ್ನು ಒಪ್ಪಿಕೊಳ್ಳಬೇಕು. ನಲವತ್ತು ವರ್ಷಗಳ ಹಿಂದೆ ನಮ್ಮ ಕಡೆಯ ಒಂದು ಹಳ್ಳಿಯ ಕೆರೆ ಏರಿಯ ಮೇಲೆ ಅರ್ಧ ಹೂತಿದ್ದ ಕಲ್ಲೊಂದನ್ನು ದಿನವೂ ನೋಡುತ್ತಿದ್ದೆ. ಮೇಲ್ಭಾಗದಲ್ಲಿ ಕೆತ್ತನೆಯಿತ್ತು. ಹೆಂಗಸರು ಅದರ ಮೇಲೆ ಬಟ್ಟೆ ಒಗೆಯುತ್ತಿದ್ದರು. ಒಂದು ದಿನ ಬಿಡುವು ಮಾಡಿಕೊಂಡು ಬುಡವನ್ನು ಬಿಡಿಸಿ ನೋಡಬೇಕೆಂದು ಅಂದುಕೊಂಡೆ. ಆ ಬಿಡುವು ಬರಲಿಲ್ಲ, ರಸ್ತೆ ಬಂತು. ಏರಿ ಅಗಲವಾಯಿತು, ಕಲ್ಲು ಕಾಣೆಯಾಯಿತು. ಅದರಡಿಯಲ್ಲಿ ಇನ್ನೊಬ್ಬ ಕಿತ್ತಯನಿದ್ದನೇನೋ ಎಂಬ ಯೋಚನೆ ಹೆಬ್ಬಾಳದ ಮಂಟಪದ ಮುಂದೆ ನನ್ನನ್ನು ಚುಚ್ಚಿತು.

ಬೆಂಗಳೂರಿನಲ್ಲಿಯೇ ಹುಟ್ಟಿದ ಬಿ. ಎಲ್. ರೈಸ್ ಸಾಹೇಬರು ಹಳ್ಳಿಹಳ್ಳಿಯ ಶಾಸನಗಳನ್ನು ಸಂಗ್ರಹಿಸಿ, ಬೆಂಗಳೂರು ಜಿಲ್ಲೆಯ ಸಂಪುಟವನ್ನು ೧೯೦೫ರಲ್ಲಿ ಪ್ರಕಟಿಸಿದರು. ಅದರಲ್ಲಿರುವ ಎಷ್ಟೋ ಕಲ್ಲುಗಳು ಇಂದು ಅಚ್ಚಿನಲ್ಲಿ ಮಾತ್ರ ಇವೆ. ಉಳಿದವನ್ನು ಮಿಥಿಕ್ ಸೊಸೈಟಿಯವರು ೨೦೨೧ರಿಂದ ಮೂರು ಆಯಾಮದ ಗಣಕಚಿತ್ರಗಳಾಗಿ ಸೆರೆಹಿಡಿಯುತ್ತಿರುವುದು ಸಮಾಧಾನದ ಸಂಗತಿ. ಆದರೆ ಸಂಸ್ಥೆಯವರು ಬರುವವರೆಗೆ ಕಲ್ಲನ್ನು ಕಾಯಬೇಕಾದವರು ಅದರ ಪಕ್ಕದಲ್ಲಿ ಮನೆ ಕಟ್ಟಿದ ನಾವು. ನಿಮ್ಮ ಬೀದಿಯಲ್ಲಿ ಕೆತ್ತನೆಯ ಕಲ್ಲೊಂದು ಕಂಡರೆ ಸುಣ್ಣ ಬಳಿಯಬೇಡಿ, ಪಾಯಕ್ಕೆ ಹಾಕಬೇಡಿ, ತಿಳಿದವರಿಗೆ ಒಂದು ಮಾತು ತಿಳಿಸಿ.

ಮಾರನೆಯ ಭಾನುವಾರ ನಮ್ಮ ಬಡಾವಣೆಯ ಆರೇಳು ಮಂದಿಯನ್ನು ಕರೆದುಕೊಂಡು ಹೆಬ್ಬಾಳಕ್ಕೆ ಹೋದೆ. ದಾರಿ ತೋರಿಸಿದವಳು ಮೊಮ್ಮಗಳು. ಪೆರ್ಬೊಳಲಿನಿಂದ ಹೆಬ್ಬಾಳದವರೆಗಿನ ಪಾಠವನ್ನು ತಪ್ಪಿಲ್ಲದೆ ಒಪ್ಪಿಸಿದಳು. ಕೇಳುತ್ತಿದ್ದವರಲ್ಲಿ ಒಬ್ಬರೂ ನಡುವೆ ಎದ್ದುಹೋಗಲಿಲ್ಲ. ಕಲ್ಲು ಅಂದರೆ ಜನ ಹೊರಟುಬಿಡುತ್ತಾರೆಂದ ಆ ತರುಣನಿಗೆ ಈ ಸುದ್ದಿಯನ್ನು ಕಳುಹಿಸಿದೆ. ಮುಂದಿನ ಸಲ ಬೇಗೂರಿನ ಮಾತನ್ನೂ ಹೇಳುತ್ತೇನೆಂದು ಅವನು ಬರೆದಿದ್ದಾನೆ. ಮುದುಕಿಯನ್ನು ಮಾತ್ರ ಬಿಡುವುದಿಲ್ಲವಂತೆ. ಬಿಡುವುದು ಬೇಡ. ಹಸಿದವನಿಗೆ ಅನ್ನವಿಟ್ಟವಳು ಆ ಚೌಕದಲ್ಲಿಯೇ ಇರಲಿ. ಆದರೆ ಕಿತ್ತಯನಿಗೂ ಅವಳ ಪಕ್ಕದಲ್ಲಿ ಸ್ವಲ್ಪ ಜಾಗ ಸಿಗಲಿ.