ಡಾನ್‌ಡಾನ್ ನೂಡಲ್ಸ್

ಡಾನ್‌ಡಾನ್ ನೂಡಲ್ಸ್ ಚೀನಾದ ನೈಋತ್ಯಕ್ಕಿರುವ ಸಿಚುವಾನ್ ಪ್ರಾಂತ್ಯದ ಖಾರದ ತಿಂಡಿ. ಗೋಧಿ ಹಿಟ್ಟಿನ ಸಣ್ಣ ಎಳೆಗಳನ್ನು ಬೇಯಿಸಿ, ಮೆಣಸಿನ ಎಣ್ಣೆ, ಸೋಯಾ ಸಾಸ್, ವಿನೆಗರ್, ಹ್ವಾಜಿಯಾವ್ ಎಂಬ ಒಣಕಾಯಿಯ ಪುಡಿ ಮತ್ತು ಉಪ್ಪಿನಲ್ಲಿ ಕಳಿತ ಸಾಸಿವೆ ದಂಟಿನ ಚೂರುಗಳ ಮೇಲೆ ಹಾಕಿ, ನೆತ್ತಿಗೆ ಗರಿಗರಿಯಾಗಿ ಹುರಿದ ಹಂದಿ ಕೈಮಾ ಉದುರಿಸುತ್ತಾರೆ. ಸಿಚುವಾನಿನ ರೂಢಿಯಲ್ಲಿ ಇದಕ್ಕೆ ಸಾರಿಲ್ಲ. ಬಟ್ಟಲಿನ ತಳದಲ್ಲಿ ಎರಡು ಮೂರು ಚಮಚದಷ್ಟು ಕೆಂಪು ರಸ ಇರುತ್ತದೆ, ತಿನ್ನುವವರೇ ಅದನ್ನು ಕಲಸಿಕೊಳ್ಳಬೇಕು. ಬೀದಿ ವ್ಯಾಪಾರಿಗಳು ಇದನ್ನು ಹೊತ್ತು ಮಾರುತ್ತಿದ್ದ ಬಿದಿರಿನ ಕಾವಡಿಯಿಂದ ಈ ಹೆಸರು ಬಂತು. ಇವತ್ತು ಟೋಕಿಯೊದಿಂದ ನ್ಯೂಯಾರ್ಕಿನವರೆಗೆ ಮನೆಮನೆಗಳಲ್ಲಿ ಮಾಡಿಕೊಳ್ಳುವ ಈ ಅಡುಗೆ, ಹುಟ್ಟಿನಲ್ಲಿ ಮನೆಯಲ್ಲಿ ಒಲೆ ಹಚ್ಚದವರಿಗಾಗಿ ಇದ್ದದ್ದು. ಅದರ ಗಾತ್ರ, ಮಾಂಸದ ಅಳತೆ, ರಸದ ಕೊರತೆ ಎಲ್ಲದರ ಮೇಲೂ ಆ ಕಾವಡಿಯ ಗುರುತು ಉಳಿದಿದೆ.

ಬಟ್ಟಲಿನಲ್ಲಿರುವ ಪದಾರ್ಥಗಳ ವಯಸ್ಸು ಬೇರೆ ಬೇರೆ. ನೂಡಲ್ಸ್ ಬಹಳ ಹಳೆಯದು. ಚಿಂಗ್‌ಹಾಯ್ ಪ್ರಾಂತ್ಯದ ಲಾಜಿಯಾ ಎಂಬಲ್ಲಿ ಬೋರಲಾಗಿ ಬಿದ್ದಿದ್ದ ಮಣ್ಣಿನ ಬಟ್ಟಲಿನ ಕೆಳಗೆ ಸುಮಾರು 4000 ವರ್ಷ ಹಳೆಯ, ಅರ್ಧ ಮೀಟರ್ ಉದ್ದದ ಎಳೆಗಳು ಸಿಕ್ಕಿದ್ದನ್ನು 2005ರಲ್ಲಿ ‘ನೇಚರ್’ ಪತ್ರಿಕೆ ವರದಿ ಮಾಡಿತು. ಆ ಎಳೆಗಳು ಗೋಧಿಯವಲ್ಲ, ಸಿರಿಧಾನ್ಯದವು. ಗೋಧಿ ನೂಡಲ್ಸ್ ಊಟ ಪಟ್ಟಣಗಳ ಚಟವಾಗಿ ಬೆಳೆದದ್ದು ಸೊಂಗ್ ಅರಸರ ಕಾಲದಲ್ಲಿ. ಅವರ ರಾಜಧಾನಿ ಕೈಫೆಂಗ್‌ನಲ್ಲಿ ಸಿಚುವಾನ್ ಊಟದ ಅಂಗಡಿಗಳೇ ಪ್ರತ್ಯೇಕವಾಗಿ ಇದ್ದವೆಂದು 12ನೇ ಶತಮಾನದ ಮೆಂಗ್ ಯುವಾನ್‌ಲಾವ್ ಬರೆದಿಟ್ಟಿದ್ದಾನೆ. ಆ ಅಂಗಡಿಗಳಲ್ಲಿ ಮೆಣಸಿನಕಾಯಿ ಮಾತ್ರ ಇರಲಿಲ್ಲ.

ನಾಲಿಗೆ ಜುಮ್ಮೆನ್ನಿಸುವ ಹ್ವಾಜಿಯಾವ್ ಇತ್ತು. ‘ಸಿಚುವಾನ್ ಪೆಪ್ಪರ್’ ಎಂಬ ಇಂಗ್ಲಿಷಿನ ಹೆಸರು ನೋಡಿ ಇದನ್ನು ನಮ್ಮ ಕಾಳುಮೆಣಸಿನ ನೆಂಟ ಎಂದುಕೊಳ್ಳುವವರಿದ್ದಾರೆ. ಇದು ನಿಂಬೆಯ ಕುಟುಂಬಕ್ಕೆ ಸೇರಿದ ಮುಳ್ಳುಗಿಡದ ಕಾಯಿ. ಒಣಗಿ ಬಾಯಿಬಿಟ್ಟ ಸಿಪ್ಪೆಯನ್ನು ಬಳಸುತ್ತಾರೆ, ಒಳಗಿನ ಕಪ್ಪು ಬೀಜವನ್ನು ಎಸೆಯುತ್ತಾರೆ. ಹಾನ್ ಅರಸರ ಕಾಲದಲ್ಲಿ ಪಟ್ಟದರಸಿಯ ಕೋಣೆಯ ಗೋಡೆಗೆ ಬಳಿಯುವ ಗಾರೆಯಲ್ಲೂ ಇದನ್ನು ಕಲಸುತ್ತಿದ್ದರು. ಇದರಲ್ಲಿರುವ ಸ್ಯಾನ್‌ಶೂಲ್ ಎಂಬ ವಸ್ತು ಸ್ಪರ್ಶದ ನರಗಳನ್ನೇ ಕೆಣಕುತ್ತದೆ. ತುಟಿಗೆ ಆಗುವ ಅನುಭವ ಸೆಕೆಂಡಿಗೆ ಸುಮಾರು 50 ಸಲ ನಡುಗುವ ಕಂಪನಕ್ಕೆ ಸಮ ಎಂದು ಲಂಡನ್ನಿನ ಸಂಶೋಧಕರು 2013ರಲ್ಲಿ ಅಳೆದು ತೋರಿಸಿದರು. ಬಾಯಿ ಉರಿಸುವ ಖಾರಕ್ಕೂ ಇದಕ್ಕೂ ಸಂಬಂಧವಿಲ್ಲ. ಎರಡೂ ಸೇರಿದಾಗ ಆಗುವ ರುಚಿಯನ್ನೇ ಚೀನೀಯರು ಮಾ-ಲಾ ಎನ್ನುತ್ತಾರೆ.

ಖಾರ ಬಂದದ್ದು ತೀರ ತಡವಾಗಿ. ಅಮೆರಿಕ ಖಂಡದ ಮೆಣಸಿನಕಾಯಿ ಪೋರ್ಚುಗೀಸರ ಹಡಗಿನಲ್ಲಿ ಗೋವಾಕ್ಕೆ ಬಂದಿಳಿದ 16ನೇ ಶತಮಾನದಲ್ಲಿಯೇ ಚೀನಾದ ಕರಾವಳಿಯನ್ನೂ ಮುಟ್ಟಿತು. 1591ರಲ್ಲಿ ಗಾವ್ ಲಿಯಾನ್ ಎಂಬ ಲೇಖಕ ಅದನ್ನು ದಾಖಲಿಸಿದ್ದು ನೋಡಲು ಚಂದದ ಗಿಡ ಎಂದು. ತಿನ್ನುವ ರೂಢಿ ಬಡತನದಿಂದ ಶುರುವಾಯಿತು: ಗ್ವೈಝೌ ಗುಡ್ಡಗಾಡಿನ ಜನ ಉಪ್ಪಿನ ಬದಲಿಗೆ ಇದನ್ನು ತಿನ್ನುತ್ತಾರೆಂದು 18ನೇ ಶತಮಾನದ ಮೊದಲ ಭಾಗದ ಸ್ಥಳೀಯ ಗೆಜೆಟಿಯರ್ ಹೇಳುತ್ತದೆ. ಮಿಂಗ್ ಆಳ್ವಿಕೆ ಮುರಿದುಬಿದ್ದ ಕಾಲದ ಯುದ್ಧಗಳಲ್ಲಿ ಸಿಚುವಾನ್ ಊರುಗಳು ಬರಿದಾಗಿದ್ದವು. ಚಿಂಗ್ ಅರಸರು ಹುಬೈ, ಹುನಾನ್, ಗ್ವಾಂಗ್‌ಡಾಂಗ್‌ಗಳಿಂದ ಒಕ್ಕಲುಗಳನ್ನು ಕರೆಸಿ ಅಲ್ಲಿ ನೆಲೆ ನಿಲ್ಲಿಸಿದರು. ಮೆಣಸಿನಕಾಯಿಯೂ ಆ ವಲಸೆಗಾರರ ಜೊತೆ ಬಂದಿತೆನ್ನುವುದು ಸಾಮಾನ್ಯ ಅಭಿಪ್ರಾಯ. 19ನೇ ಶತಮಾನ ಕಾಲಿಡುವ ಹೊತ್ತಿಗೆ ಸಿಚುವಾನಿನ ಹಲವು ತಾಲೂಕುಗಳ ಬೆಳೆಪಟ್ಟಿಯಲ್ಲಿ ಅದರ ಹೆಸರಿತ್ತು. ಹೀಗಾಗಿ ಮೆಣಸಿನ ಎಣ್ಣೆಯಿಲ್ಲದೆ ಊಹಿಸಲೂ ಆಗದ ಈ ನೂಡಲ್ಸ್ ಅದಕ್ಕಿಂತ ಹಳೆಯದಾಗಿರಲಾರದು. ‘ಸಾವಿರಾರು ವರ್ಷಗಳ ಸಿಚುವಾನ್ ಖಾರ’ ಎಂದು ಹೋಟೆಲಿನ ಮೆನುಗಳಲ್ಲಿ ಕಾಣುವ ಮಾತು ಬರೀ ಜಾಹೀರಾತು.

ಜನ ಹೇಳುವ ಹುಟ್ಟಿನ ಕಥೆಯೂ ಈ ಲೆಕ್ಕಕ್ಕೆ ಹೊಂದುತ್ತದೆ. 1841ರಲ್ಲಿ ಝೀಗೊಂಗ್‌ನ ಚೆನ್ ಬಾವ್‌ಬಾವ್ ಎಂಬ ಬೀದಿ ವ್ಯಾಪಾರಿ ಇದನ್ನು ಮೊದಲು ಮಾರಿದನಂತೆ. ಝೀಗೊಂಗ್ ಎಂಬ ನಗರ ಆಡಳಿತದ ಕಡತಕ್ಕೆ ಸೇರಿದ್ದು ಝೀಲಿಯುಜಿಂಗ್, ಗೊಂಗ್‌ಜಿಂಗ್ ಎಂಬ ಎರಡು ಉಪ್ಪಿನ ಊರುಗಳು ಒಂದಾದ 1939ರಲ್ಲಿ. ಆದ್ದರಿಂದ ಕಥೆಯನ್ನು ಈ ರೂಪದಲ್ಲಿ ಹೇಳಿದವರು ಬಹಳ ಆಮೇಲಿನವರು. ವ್ಯಕ್ತಿಯ ಹೆಸರನ್ನು ಬದಿಗಿಟ್ಟರೂ ಊರಿನ ಆಯ್ಕೆಗೆ ಅರ್ಥವಿದೆ. ನೆಲದಾಳದ ಉಪ್ಪುನೀರನ್ನು ಬಾವಿ ಕೊರೆದು ಎತ್ತಿ, ಅದೇ ನೆಲದಿಂದ ಹೊಮ್ಮುವ ಅನಿಲದ ಬೆಂಕಿಯಲ್ಲಿ ಕಾಯಿಸಿ ಉಪ್ಪು ತೆಗೆಯುವ ಊರು ಅದು. ಅಲ್ಲಿನ ಶೆನ್‌ಹಾಯ್ ಬಾವಿ 1835ರಲ್ಲಿ 1001 ಮೀಟರ್ ಆಳ ಮುಟ್ಟಿತು. ಬಿದಿರು, ಹಗ್ಗ ಮತ್ತು ಕಬ್ಬಿಣದ ಮೊನೆಯಿಂದ ಕೊರೆದ ಆಳವದು. ಹಗಲಿರುಳು ಪಾಳಿಯಲ್ಲಿ ದುಡಿಯುವ ಕೂಲಿಯವರು, ರಾಟೆ ಎಳೆಯುವ ಎತ್ತುಗಳು, ಉಪ್ಪು ಹೊರುವವರು, ದೋಣಿಯವರು ಇದ್ದರು. ಬೇಗ ಸಿಗುವ, ಕಡಿಮೆ ಕಾಸಿನ, ಬಿಸಿಬಿಸಿ ತಿಂಡಿಗೆ ಗಿರಾಕಿಗಳು ಬೇಕೆಂದರೆ ಅಂಥ ಊರಿಗಿಂತ ಬೇರೆ ಜಾಗ ಬೇಕಿರಲಿಲ್ಲ.

ಕಾವಡಿ ಒಂದು ಪೂರ್ತಿ ಅಡುಗೆಮನೆ. ಒಂದು ಕೊನೆಯಲ್ಲಿ ಇದ್ದಿಲ ಒಲೆ, ಅದರ ಮೇಲೆ ನಡುವೆ ತಗಡು ಕೊಟ್ಟು ಎರಡು ಭಾಗ ಮಾಡಿದ ತಾಮ್ರದ ಪಾತ್ರೆ: ಒಂದು ಕಡೆ ನೂಡಲ್ಸ್ ಬೇಯುವ ನೀರು, ಇನ್ನೊಂದು ಕಡೆ ಕೋಳಿ ಅಥವಾ ಹಂದಿಕಾಲು ಕುದಿಯುವ ಸಾರು. ಮತ್ತೊಂದು ಕೊನೆಯಲ್ಲಿ ನೂಡಲ್ಸ್, ಬಟ್ಟಲು, ಕಡ್ಡಿ, ಮಸಾಲೆಯ ಡಬ್ಬಿಗಳು, ಪಾತ್ರೆ ತೊಳೆಯುವ ನೀರು. ಎಲ್ಲವನ್ನೂ ಒಂದೇ ಹೆಗಲು ಹೊರಬೇಕು. ಸಾರಿನ ನೂಡಲ್ಸ್ ಬಟ್ಟಲೊಂದಕ್ಕೆ ಕಾಲು ಲೀಟರ್ ದ್ರವ ಬೇಕು. ಇದಕ್ಕೆ ಎರಡು ಮೂರು ಚಮಚ ಸಾಕು. ಒಬ್ಬೊಬ್ಬರಿಗೂ ಹಿಡಿ ಮಾಂಸ ಕೊಡುವುದು ಕಾಸಿಗೂ ಹೆಗಲಿಗೂ ಆಗದ ಮಾತು; ಹುರಿದು ನೀರಾರಿಸಿದ ಕೈಮಾವಾದರೆ ಒಂದು ಚಮಚಕ್ಕೇ ರುಚಿ ಏರುತ್ತದೆ, ದಿನವಿಡೀ ಕೆಡುವುದಿಲ್ಲ. ಬಟ್ಟಲೂ ಚಿಕ್ಕದು. ಚೆಂಗ್ಡು ಪಟ್ಟಣದಲ್ಲಿ ಇವತ್ತಿಗೂ ನೂಡಲ್ಸನ್ನು ಲಿಯಾಂಗ್ ಲೆಕ್ಕದಲ್ಲಿ ಕೇಳುತ್ತಾರೆ. ಒಂದು ಲಿಯಾಂಗ್ ಎಂದರೆ 50 ಗ್ರಾಂ. ಡಾನ್‌ಡಾನ್ ನೂಡಲ್ಸ್ ಅಲ್ಲಿ ಹೊಟ್ಟೆ ತುಂಬುವ ಊಟವಲ್ಲ, ಊಟದ ನಡುವೆಯೋ ಹೊತ್ತಲ್ಲದ ಹೊತ್ತಿನಲ್ಲೋ ಬಾಯಿಗೆ ಹಾಕಿಕೊಳ್ಳುವ ತಿಂಡಿ.

ಇದನ್ನು ಬೇರೆ ಖಾರದ ನೂಡಲ್ಸ್‌ಗಳಿಂದ ಬೇರ್ಪಡಿಸುವುದು ಯಾ-ತ್ಸಾಯ್. ಯಾಂಗ್‌ತ್ಸೆ ನದಿ ಆ ಹೆಸರು ಪಡೆಯುವ ಸಂಗಮದ ಊರಾದ ಯೀಬಿನ್‌ನಲ್ಲಿ ಸಾಸಿವೆ ಜಾತಿಯ ಗಿಡದ ಎಳೆಯ ದಂಟನ್ನು ಸೀಳಿ, ಬಾಡಿಸಿ, ಉಪ್ಪು, ಬೆಲ್ಲದ ಪಾಕ ಮತ್ತು ಮಸಾಲೆ ಹಾಕಿ ಜಾಡಿಯಲ್ಲಿ ತಿಂಗಳುಗಟ್ಟಲೆ ಕಳಿಯಲು ಬಿಡುತ್ತಾರೆ. ಕಪ್ಪಗೆ, ಉಪ್ಪು-ಸಿಹಿಯಾಗಿ, ಕಚ್ಚಿದರೆ ಸಣ್ಣಗೆ ಕರಕರ ಎನ್ನುವ ಈ ಚೂರುಗಳು ಇಲ್ಲದಿದ್ದರೆ ಉಳಿಯುವುದು ಮೆಣಸಿನ ಎಣ್ಣೆಯ ನೂಡಲ್ಸ್ ಮಾತ್ರ. ಎಳ್ಳಿನ ಪೇಸ್ಟ್ ಬೇಕೋ ಬೇಡವೋ ಎಂಬ ವಾದ ಸಿಚುವಾನಿನಲ್ಲೇ ಮುಗಿದಿಲ್ಲ. ಕೆಲವು ಅಂಗಡಿಗಳು ಒಂದು ಚಮಚ ಹಾಕುತ್ತವೆ, ಕೆಲವು ಮುಟ್ಟುವುದೇ ಇಲ್ಲ. ಎಳ್ಳು ಮುಂದಾದರೆ ವಿನೆಗರಿನ ಹುಳಿ ಮಂಕಾಗುತ್ತದೆ ಎಂಬ ಎರಡನೆಯವರ ಮಾತಿನಲ್ಲಿ ಹುರುಳಿದೆ.

20ನೇ ಶತಮಾನದಲ್ಲಿ ಕಾವಡಿ ನಿಧಾನವಾಗಿ ಹೆಗಲಿನಿಂದ ಇಳಿಯಿತು. ಜಪಾನ್ ವಿರುದ್ಧದ ಯುದ್ಧದಲ್ಲಿ ರಾಷ್ಟ್ರೀಯ ಸರ್ಕಾರ ಚೊಂಗ್‌ಚಿಂಗ್‌ಗೆ ಬಂದು ಕೂತಾಗ ಪೂರ್ವದ ಊರುಗಳ ಲಕ್ಷಾಂತರ ಜನ ಸಿಚುವಾನ್ ರುಚಿ ಕಂಡರು. 1949ರ ನಂತರ ಅವರಲ್ಲಿ ಎಷ್ಟೋ ಮಂದಿ ಆ ರುಚಿಯನ್ನು ತೈವಾನಿಗೆ ಒಯ್ದರು. ತೈವಾನಿನ ತೈನಾನ್‌ನಲ್ಲಿ ಆಗಲೇ ಕಾವಡಿಯ ಹೆಸರಿನದೇ ಇನ್ನೊಂದು ನೂಡಲ್ಸ್ ಇತ್ತು: 1895ರಲ್ಲಿ ಹಾಂಗ್ ಎಂಬ ಮೀನುಗಾರ ಕಡಲಿಗಿಳಿಯಲಾಗದ ತಿಂಗಳುಗಳಲ್ಲಿ ಹೊಟ್ಟೆಪಾಡಿಗೆ ಮಾರಲು ತೊಡಗಿದ, ಸಿಗಡಿ ಸಾರಿನ, ಖಾರವಿಲ್ಲದ ನೂಡಲ್ಸ್. ಎರಡಕ್ಕೂ ನೆಂಟಸ್ತಿಕೆ ಇಲ್ಲ, ಆದರೂ ಇವತ್ತಿನ ಎಷ್ಟೋ ಬರಹಗಳು ಗೊಂದಲ ಮಾಡಿಕೊಳ್ಳುತ್ತವೆ. ಚೀನಾದಲ್ಲಿ 1956ರ ಸುಮಾರಿಗೆ ಖಾಸಗಿ ವ್ಯಾಪಾರಗಳೆಲ್ಲ ಸರ್ಕಾರದ ಪಾಲುದಾರಿಕೆಗೆ ಬಂದವು. ಬೀದಿಯ ತಿಂಡಿ ಬೆಂಚು ಮೇಜಿನ ಅಂಗಡಿ ಸೇರಿತು. 2013ರಲ್ಲಿ ಚೀನಾದ ಹತ್ತು ಹೆಸರಾಂತ ನೂಡಲ್ಸ್‌ಗಳ ಅಧಿಕೃತ ಪಟ್ಟಿಯಲ್ಲಿ ವುಹಾನಿನ ಒಣ ನೂಡಲ್ಸ್, ಬೀಜಿಂಗಿನ ಝಾಜಿಯಾಂಗ್ ನೂಡಲ್ಸ್‌ಗಳ ಜೊತೆ ಇದಕ್ಕೂ ಜಾಗ ಸಿಕ್ಕಿತು.

ಹೊರನಾಡಿನಲ್ಲಿ ಇದರ ರೂಪವನ್ನೇ ಬದಲಿಸಿದವರು ಚೆನ್ ಕೆನ್‌ಮಿನ್. ಯೀಬಿನ್‌ನವರೇ ಆದ ಇವರು 1952ರಲ್ಲಿ ಜಪಾನಿಗೆ ಹೋಗಿ, 1958ರಲ್ಲಿ ಟೋಕಿಯೊದಲ್ಲಿ ಶಿಸೆನ್ ಹಾಂತೆನ್ ಹೋಟೆಲು ತೆರೆದರು. ರಾಮೆನ್‌ಗೆ ಒಗ್ಗಿದ ಜಪಾನೀಯರಿಗೆ ಸಾರಿಲ್ಲದ ಖಾರದ ನೂಡಲ್ಸ್ ಇಳಿಯದು ಎಂದು ಅರಿತು, ಕೋಳಿ ಸಾರಿಗೆ ಎಳ್ಳಿನ ಪೇಸ್ಟ್ ಕದಡಿ, ಖಾರ ತಗ್ಗಿಸಿ, ದೊಡ್ಡ ಬಟ್ಟಲಿನಲ್ಲಿ ಬಡಿಸಿದರು. ಜಪಾನಿನ ತಾನ್‌ತಾನ್‌ಮೆನ್ ಹುಟ್ಟಿದ್ದು ಹೀಗೆ. ಅವರು ಎನ್‌ಎಚ್‌ಕೆ ವಾಹಿನಿಯ ಅಡುಗೆ ಕಾರ್ಯಕ್ರಮದಲ್ಲಿ ಸಿಚುವಾನ್ ಅಡುಗೆಗಳನ್ನು ಜಪಾನೀ ಗೃಹಿಣಿಯರಿಗೆ ಸಿಗುವ ಸಾಮಾನಿನಲ್ಲೇ ಮಾಡಿ ತೋರಿಸಿದರು. ಅಂಗಡಿಯ ಗುಟ್ಟು ಬಚ್ಚಿಡುವ ಬಾಣಸಿಗರ ನಡುವೆ ಇದು ದೊಡ್ಡ ಮನಸ್ಸಿನ ಕೆಲಸ. ಅವರ ಮಗ ಚೆನ್ ಕೆನಿಚಿ 1990ರ ದಶಕದ ‘ಐರನ್ ಶೆಫ್’ ಕಾರ್ಯಕ್ರಮದಿಂದ ತಂದೆಗಿಂತ ಹೆಸರಾದರು. ಹಿರೋಷಿಮಾದ ಅಂಗಡಿಗಳು ಈಚೆಗೆ ಸಾರು ತೆಗೆದು ಹ್ವಾಜಿಯಾವ್ ಹೆಚ್ಚಿಸಿ, ಸುತ್ತು ಹೊಡೆದು ಮತ್ತೆ ಸಿಚುವಾನಿನ ಹತ್ತಿರಕ್ಕೇ ಬಂದಿವೆ.

ಅಮೆರಿಕದಲ್ಲಿ ದಾರಿ ಬೇರೆಯಾಯಿತು. ಅಲ್ಲಿನ ಚೈನೀಸ್ ಹೋಟೆಲುಗಳು ಕಡಲೆಬೀಜದ ಬೆಣ್ಣೆಯ ದಪ್ಪ ಗೊಜ್ಜಿನಲ್ಲಿ ನೂಡಲ್ಸ್ ಮುಳುಗಿಸಿ ಇದೇ ಹೆಸರಿನಲ್ಲಿ ಮಾರಿದವು. ಕಿತ್ತಳೆ, ನಿಂಬೆ ತೋಟಗಳಿಗೆ ಕ್ಯಾಂಕರ್ ರೋಗ ತಗಲೀತೆಂಬ ಭಯದಿಂದ 1968ರಿಂದ 2005ರವರೆಗೆ ಹ್ವಾಜಿಯಾವ್ ಆಮದಿಗೆ ಅಲ್ಲಿ ನಿಷೇಧವಿತ್ತು; ಆಮೇಲೆ ಬಿಸಿಯಲ್ಲಿ ಹದ ಮಾಡಿದ ಕಾಯಿಗೆ ಅನುಮತಿ ಸಿಕ್ಕಿತು. ಇಂಗ್ಲಿಷ್ ಓದುವ ಮನೆಗಳಿಗೆ ಇದರ ಸಿಚುವಾನ್ ರೂಪ ತಲುಪಿದ್ದು ಬಹುಪಾಲು ಫ್ಯೂಷಿಯಾ ಡನ್‌ಲಪ್ ಅವರಿಂದ. 1990ರ ದಶಕದಲ್ಲಿ ಚೆಂಗ್ಡುವಿನ ಸರ್ಕಾರಿ ಅಡುಗೆ ವಿದ್ಯಾಲಯದಲ್ಲಿ ಕಲಿತ ಆಕೆ 2001ರ ತಮ್ಮ ಪುಸ್ತಕದಲ್ಲಿ, ಸಿಚುವಾನ್ ವಿಶ್ವವಿದ್ಯಾಲಯದ ಬಳಿಯ ಪುಟ್ಟ ಅಂಗಡಿಯೊಂದರ ಪಾಕವನ್ನು ಬರೆದುಕೊಟ್ಟರು. ಆ ಅಂಗಡಿಯದು ಹಂದಿಯ ಬದಲು ದನದ ಕೈಮಾ.

ಮನೆಯಲ್ಲಿ ಮಾಡುವ ಕ್ರಮದಲ್ಲಿ ಮುಖ್ಯ ಕೆಲಸಗಳು ಒಲೆಯ ಮೇಲೆ ನೂಡಲ್ಸ್ ಇಡುವ ಮೊದಲೇ ಮುಗಿದಿರಬೇಕು. ಮೆಣಸಿನ ಎಣ್ಣೆಯನ್ನು ಹಿಂದಿನ ದಿನವೇ ಮಾಡಿಟ್ಟರೆ ಬಣ್ಣ, ಪರಿಮಳ ಎರಡೂ ಏರುತ್ತವೆ. ಸಿಚುವಾನಿನವರು ರೇಪ್‌ಸೀಡ್ ಎಣ್ಣೆಯನ್ನು ಹಸಿ ವಾಸನೆ ಹೋಗುವಂತೆ ಹೊಗೆಯಾಡುವಷ್ಟು ಕಾಯಿಸಿ, ಆರಲು ಬಿಟ್ಟು, ಆಮೇಲೆ ಹುರಿದು ಕುಟ್ಟಿದ ಮೆಣಸಿನ ತರಿಯ ಮೇಲೆ ಸುರಿಯುತ್ತಾರೆ. ಎಣ್ಣೆ ತೀರ ಬಿಸಿಯಿದ್ದರೆ ತರಿ ಕಪ್ಪಾಗಿ ಕಹಿಯಾಗುತ್ತದೆ, ತಣ್ಣಗಿದ್ದರೆ ಘಮ ಬಿಡುವುದಿಲ್ಲ. ಒಂದು ಚಿಟಿಕೆ ತರಿ ಹಾಕಿದಾಗ ಮೆಲ್ಲಗೆ ನೊರೆಯೆದ್ದರೆ ಹದ ಸರಿ. ಕೈಮಾವನ್ನು ಅಗಲ ಬಾಣಲೆಯಲ್ಲಿ ಮೊದಲು ನೀರಾರುವವರೆಗೆ, ಆಮೇಲೆ ತನ್ನದೇ ಕೊಬ್ಬಿನಲ್ಲಿ ಚಟಪಟ ಸದ್ದು ಬರುವವರೆಗೆ ಹುರಿದು, ಗೋಧಿಯ ಸಿಹಿ ಪೇಸ್ಟ್ ಮತ್ತು ಸೋಯಾ ಸಾಸ್ ಹಾಕಿ ಕಂದು ಬಣ್ಣ ಬರಿಸಬೇಕು. ಹೊಸಬರು ಎಡವುವುದು ಇಲ್ಲೇ: ಕೈಮಾ ಒದ್ದೆಯಿರುವಾಗಲೇ ಇಳಿಸಿ, ಗೊಜ್ಜಿನಂತೆ ಸುರಿಯುತ್ತಾರೆ. ಮಸಾಲೆಗಳನ್ನೆಲ್ಲ ಒಬ್ಬೊಬ್ಬರ ಬಟ್ಟಲಿನ ತಳದಲ್ಲಿ ಬೇರೆಬೇರೆಯಾಗಿ ಅಳೆದಿಟ್ಟು, ಬಿಸಿ ನೂಡಲ್ಸನ್ನು ಪಾತ್ರೆಯಿಂದ ನೇರ ಅದರ ಮೇಲೆ ಹಾಕುವುದು ಕಾವಡಿಯವರ ಪದ್ಧತಿ. ಕೈಮಾ, ಈರುಳ್ಳಿ ಸೊಪ್ಪು ಕೊನೆಗೆ. ತಕ್ಷಣ ಕಲಸದಿದ್ದರೆ ಎಳೆಗಳು ಮುದ್ದೆ ಕಟ್ಟುತ್ತವೆ.

ಭಾರತದ ‘ಶೆಜ್ವಾನ್’ ನೂಡಲ್ಸ್‌ಗೆ ಈ ವಂಶಾವಳಿಯಲ್ಲಿ ಜಾಗವಿಲ್ಲ. ಕೆಂಪು ಮೆಣಸಿನಕಾಯಿ, ಬೆಳ್ಳುಳ್ಳಿ, ವಿನೆಗರ್ ಹಾಕಿ ನಮ್ಮ ಹೋಟೆಲುಗಳು ಕಟ್ಟಿಕೊಂಡ ರುಚಿ ಅದು. ಸಾಮಾನ್ಯವಾಗಿ ಅದರಲ್ಲಿ ಹ್ವಾಜಿಯಾವ್ ಇರುವುದೇ ಇಲ್ಲ. ಹಾಗೆಂದು ಕರ್ನಾಟಕದ ಅಡುಗೆಮನೆ ಬರಿಗೈಯಲ್ಲೇನೂ ಇಲ್ಲ. ಸಿಚುವಾನಿನವರು ಬಣ್ಣಕ್ಕೂ ಪರಿಮಳಕ್ಕೂ ಬಳಸುವ, ಹೆಚ್ಚು ಉರಿಯದ ಅರ್‌ಜಿಂಗ್‌ತಿಯಾವ್ ಮೆಣಸಿನಕಾಯಿಯ ಕೆಲಸವನ್ನು ಬ್ಯಾಡಗಿ ಚೆನ್ನಾಗಿಯೇ ಮಾಡುತ್ತದೆ. ಖಾರ ಸಾಲದವರು ಗುಂಟೂರು ಬೆರೆಸಿಕೊಳ್ಳಬಹುದು. ಮಲೆನಾಡಿನ ಜುಮ್ಮನಕಾಯಿ, ಅಂದರೆ ಕೊಂಕಣಿಗರ ತೆಪ್ಪಳ, ಹ್ವಾಜಿಯಾವ್‌ನ ಕುಲಕ್ಕೇ ಸೇರಿದ್ದು. ಕರಾವಳಿಯಲ್ಲಿ ಬಂಗುಡೆ ಪದಾರ್ಥಕ್ಕೆ ಜಜ್ಜಿ ಹಾಕುವಾಗ ಅಲ್ಲಿನವರೂ ಕಪ್ಪು ಬೀಜ ತೆಗೆದು ಸಿಪ್ಪೆಯನ್ನಷ್ಟೇ ಉಳಿಸಿಕೊಳ್ಳುತ್ತಾರೆ. ಅದರ ಘಾಟು ಹ್ವಾಜಿಯಾವ್‌ಗಿಂತ ಜೋರು, ಆದ್ದರಿಂದ ನೂಡಲ್ಸಿಗೆ ಹಾಕುವುದಾದರೆ ಒಣ ಬಾಣಲೆಯಲ್ಲಿ ಬೆಚ್ಚಗೆ ಮಾಡಿ, ಪುಡಿಮಾಡಿ, ಜರಡಿ ಹಿಡಿದು, ಅರ್ಧ ಅಳತೆಯಲ್ಲಿ ಶುರುಮಾಡುವುದು ಒಳ್ಳೆಯದು.