ಸೋತ ಊರಿನ ಕಡೆ ತಿರುಗಿದ ಕ್ಯಾಮೆರಾ

(1/4)
ಗೆಳೆಯರೇ, ಫುಟ್‌ಬಾಲ್ ಡಾಕ್ಯುಮೆಂಟರಿ ಅಂದ್ರೆ ನಿಮಗೆ ಮೊದಲು ನೆನಪಾಗೋದು ಏನು? ಕಪ್ ಎತ್ತೋ ಕ್ಯಾಪ್ಟನ್, ಸ್ಲೋ ಮೋಷನ್ ಗೋಲು, ಅಲ್ವಾ? 2018ರ ಡಿಸೆಂಬರ್‌ನಲ್ಲಿ ನೆಟ್‌ಫ್ಲಿಕ್ಸ್‌ಗೆ ಬಂದ ‘ಸಂಡರ್‌ಲ್ಯಾಂಡ್ ಟಿಲ್ ಐ ಡೈ’ ಶುರುವಾಗೋದು ಚರ್ಚ್‌ನಲ್ಲಿ. ಪಾದ್ರಿಯೊಬ್ಬರು ಊರಿನ ಟೀಮಿಗಾಗಿ ಪ್ರಾರ್ಥಿಸ್ತಾರೆ. ತಮಾಷೆಗಲ್ಲ, ನಿಜವಾಗಿ.

(2/4)
ಯಾಕೆ ಇಷ್ಟೊಂದು ಹುಚ್ಚು ಅಂತ ಕೇಳಬಹುದು. ಊರಿನ ಇತಿಹಾಸ ನೋಡಿ. ಸಂಡರ್‌ಲ್ಯಾಂಡ್ ಇಂಗ್ಲೆಂಡಿನ ಈಶಾನ್ಯದಲ್ಲಿ, ವೇರ್ ನದಿ ಸಮುದ್ರ ಸೇರುವ ಜಾಗದಲ್ಲಿದೆ. ಶತಮಾನಗಳ ಕಾಲ ಇಲ್ಲಿ ಹಡಗು ಕಟ್ಟುತ್ತಿದ್ದರು. 1988ರಲ್ಲಿ ಆ ಕೆಲಸ ನಿಂತೇ ಹೋಯ್ತು. 1993ರಲ್ಲಿ ಮಾಂಕ್‌ವೇರ್‌ಮೌತ್ ಕಲ್ಲಿದ್ದಲು ಗಣಿಗೂ ಬೀಗ ಬಿತ್ತು. ನಾಲ್ಕು ವರ್ಷ ಬಿಟ್ಟು ಅದೇ ಗಣಿಯ ಜಾಗದಲ್ಲಿ ಎದ್ದಿದ್ದು ಕ್ಲಬ್‌ನ ಹೊಸ ಮೈದಾನ, ಸ್ಟೇಡಿಯಂ ಆಫ್ ಲೈಟ್. ಹೊರಗೆ ಗಣಿ ಕಾರ್ಮಿಕರ ದೀಪದ ದೊಡ್ಡ ಪ್ರತಿರೂಪ ನಿಲ್ಲಿಸಿದ್ದಾರೆ. ಅಂದ್ರೆ ತಾತ ಕೆಳಗಿಳಿದು ದುಡಿದ ನೆಲದ ಮೇಲೇ ಮೊಮ್ಮಗ ಕೂತು ಕೂಗ್ತಾನೆ. ಅವನಿಗೆ ಇದು ಬರೀ ಆಟ ಅಂತ ಹೇಳಿ ನೋಡೋಣ!

(3/4)
ಇನ್ನೊಂದು ಮಜಾ ಇದೆ. ಚಿತ್ರ ಮಾಡಿದ ಕಂಪನಿ ಹೆಸರು ಫುಲ್‌ವೆಲ್ 73. ಫುಲ್‌ವೆಲ್ ಅನ್ನೋದು ಹಳೇ ಮೈದಾನ ರೋಕರ್ ಪಾರ್ಕ್‌ನಲ್ಲಿ ಅಭಿಮಾನಿಗಳು ನಿಲ್ಲುತ್ತಿದ್ದ ಒಂದು ತುದಿ. 73 ಅಂದ್ರೆ 1973, ಎರಡನೇ ದರ್ಜೆಯಲ್ಲಿದ್ದ ಸಂಡರ್‌ಲ್ಯಾಂಡ್ ಬಲಿಷ್ಠ ಲೀಡ್ಸ್ ತಂಡವನ್ನು 1-0ಯಿಂದ ಸೋಲಿಸಿ ಎಫ್‌ಎ ಕಪ್ ಗೆದ್ದ ವರ್ಷ. ಕ್ಯಾಮೆರಾ ಹಿಂದೆ ಇದ್ದವರೂ ಭಕ್ತರೇ ಮಾರಾಯ್ರೆ!

2017ರಲ್ಲಿ ಟೀಮ್ ಪ್ರೀಮಿಯರ್ ಲೀಗ್‌ನಿಂದ ಕೆಳಗೆ ಬಿದ್ದಿತ್ತು. ಮತ್ತೆ ಮೇಲೇಳೋ ಕಥೆ ಸಿಗಲಿ ಅಂತ ಯಾವ ಅಭಿಮಾನಿಗೆ ಆಸೆ ಇರಲ್ಲ? ಆಗಿದ್ದು ಉಲ್ಟಾ. 2018ರ ಏಪ್ರಿಲ್ 21, ಸ್ವಂತ ಮೈದಾನದಲ್ಲಿ ಬರ್ಟನ್ ವಿರುದ್ಧ ಪಂದ್ಯ. ಮೊದಲು ಮುಂದೆ ಇದ್ದದ್ದು ಸಂಡರ್‌ಲ್ಯಾಂಡೇ. ಕೊನೇ ನಿಮಿಷಗಳಲ್ಲಿ ಸಮ ಮಾಡಿದವನು ಡ್ಯಾರೆನ್ ಬೆಂಟ್, ಒಂದು ಕಾಲಕ್ಕೆ ಇವರದ್ದೇ ಸ್ಟ್ರೈಕರ್! ಆಮೇಲೆ ಇನ್ನೊಂದು ಗೋಲು. 1-2. ಸತತ ಎರಡನೇ ವರ್ಷ ಹಿಂಬಡ್ತಿ, ಈ ಸಲ ಮೂರನೇ ದರ್ಜೆಗೆ.

(4/4)
ನನ್ನ ಪ್ರಕಾರ ಸರಣಿಯ ಗಟ್ಟಿತನ ಇರೋದು ಆಟಗಾರರಲ್ಲಿ ಅಲ್ಲ. ಆಟಗಾರರು, ಮ್ಯಾನೇಜರ್‌ಗಳು ಬರ್ತಾರೆ, ಹೋಗ್ತಾರೆ. ಟ್ಯಾಕ್ಸಿ ಓಡಿಸುತ್ತಾ ಗೊಣಗೋ ಅಭಿಮಾನಿ, ಕ್ಲಬ್ ಅಡುಗೆಮನೆಯ ಹೆಂಗಸು ಮಾತ್ರ ಅಲ್ಲೇ ಇರ್ತಾರೆ. ಕ್ಲಬ್ ಇನ್ನೂ ಕೆಳಗೆ ಬಿದ್ದರೆ ಕೆಲಸ ಉಳಿಯುತ್ತಾ ಅನ್ನೋ ಭಯ ಸಿಬ್ಬಂದಿಯ ಮುಖದಲ್ಲೇ ಕಾಣುತ್ತೆ. ಕೋಟಿಗಟ್ಟಲೆ ಸಂಬಳದ ಆಟಗಾರನ ಮುಖದಲ್ಲಿ ಅದನ್ನ ಹುಡುಕಿ, ಸಿಗಲ್ಲ.

ಎರಡನೇ ಸೀಸನ್ ಇನ್ನೂ ಕ್ರೂರ. 2019ರಲ್ಲಿ ವೆಂಬ್ಲಿಯಲ್ಲಿ ಎರಡು ಫೈನಲ್, ಎರಡರಲ್ಲೂ ಸೋಲು. ಪೋರ್ಟ್ಸ್‌ಮತ್ ಎದುರು ಪೆನಾಲ್ಟಿಯಲ್ಲಿ, ಚಾರ್ಲ್‌ಟನ್ ಎದುರು ಹೆಚ್ಚುವರಿ ನಿಮಿಷಗಳ ಗೋಲಿನಲ್ಲಿ. ಟೀಮ್ ಮೂರನೇ ದರ್ಜೆಯಿಂದ ಹೊರಬಂದಿದ್ದು 2022ರಲ್ಲಿ. ಪ್ರೀಮಿಯರ್ ಲೀಗ್‌ಗೆ ಮರಳಿದ್ದು 2025ರ ಮೇ 24ಕ್ಕೆ, ಅದೂ 95ನೇ ನಿಮಿಷದ ಗೋಲಿನಿಂದ.

ಮೊದಲ ಎಪಿಸೋಡ್ ನೋಡಿದವರು ಕಾಮೆಂಟ್‌ನಲ್ಲಿ ಹೇಳಿ, ಚರ್ಚ್ ದೃಶ್ಯದಲ್ಲಿ ನಿಮಗೆ ನಗು ಬಂತಾ?