ಜೆಸಿಬಿ ಬರುವ ಮೊದಲು ಪಂಚಾಯಿತಿ ಎಲ್ಲಿತ್ತು?

ಒತ್ತುವರಿ ಸುದ್ದಿಯಾಗುವುದು ತೆರವಿನ ದಿನ. ಜೆಸಿಬಿ, ಪೊಲೀಸರು, ಬೀದಿಗೆ ಬಿದ್ದ ಪಾತ್ರೆ-ಪಗಡ. ತಳಪಾಯ ತೋಡಿದ ದಿನ ಅದು ಯಾರ ಕಣ್ಣಿಗೂ ಬಿದ್ದಿರುವುದಿಲ್ಲವೇ? ಬಿದ್ದಿರುತ್ತದೆ. ನೋಡಿದವರ ಕೆಲಸ ಏನಾಗಿತ್ತು ಎಂಬುದಕ್ಕೆ ನಮ್ಮ ರಾಜ್ಯದಲ್ಲಿ ಉದ್ದದ ಇತಿಹಾಸವೇ ಇದೆ.

ಹಿಂದೆ ಊರಿನ ಲೆಕ್ಕ ಶಾನುಭೋಗರ ಕೈಲಿತ್ತು, ಅಧಿಕಾರ ಪಟೇಲರ ಕೈಲಿತ್ತು. ತೋಟಿ, ತಳವಾರರು ಊರು ಕಾಯುತ್ತಿದ್ದರು, ನೀರಗಂಟಿ ಕೆರೆ ತೂಬು ನೋಡಿಕೊಳ್ಳುತ್ತಿದ್ದ. ಅದು ನ್ಯಾಯದ ವ್ಯವಸ್ಥೆಯಾಗಿರಲಿಲ್ಲ. ಹುದ್ದೆ ಹುಟ್ಟಿನಿಂದ ಬರುತ್ತಿತ್ತು, ಲೆಕ್ಕದ ಪುಸ್ತಕ ಕೆಲವೇ ಮನೆಗಳಲ್ಲಿತ್ತು. 1961ರ ಗ್ರಾಮ ಕಚೇರಿಗಳ ರದ್ದತಿ ಕಾಯ್ದೆ ಆ ವಂಶಪಾರಂಪರ್ಯವನ್ನು ಕೊನೆಗಾಣಿಸಿದ್ದು ಸರಿಯಾಗಿಯೇ ಇತ್ತು. ಆದರೆ ದಿನವೂ ಗಡಿ ನೋಡುವ ಕಣ್ಣಿನ ಜಾಗಕ್ಕೆ ಬಂದದ್ದು ಹಲವು ಊರುಗಳಿಗೆ ಒಬ್ಬ ಗ್ರಾಮಲೆಕ್ಕಿಗ.

ಮುಂದೆ ಕರ್ತವ್ಯ ಎರಡು ಕಡೆ ಹಂಚಿಹೋಯಿತು. 1964ರ ಭೂಕಂದಾಯ ಕಾಯ್ದೆಯಂತೆ ಗೋಮಾಳ, ಖರಾಬು, ಕೆರೆ ಅಂಗಳದಂಥ ಸರ್ಕಾರಿ ಜಮೀನಿನ ಹೊಣೆ ತಹಶೀಲ್ದಾರರ ಕಡೆಗೆ ಹೋಯಿತು. 1993ರ ಪಂಚಾಯತ್ ರಾಜ್ ಕಾಯ್ದೆಯ 64ನೇ ಸೆಕ್ಷನ್ ಕಟ್ಟಡಕ್ಕೆ ಪರವಾನಗಿ ಕೊಡುವ ಅಧಿಕಾರವನ್ನು ಗ್ರಾಮ ಪಂಚಾಯಿತಿಗೆ ಕೊಟ್ಟಿತು. ಊರ ರಸ್ತೆ, ಬಯಲು ಜಾಗದ ಅಡೆತಡೆ ತೆಗೆಸುವುದೂ ಪಂಚಾಯಿತಿಯ ಕೆಲಸವೇ. ಹೀಗಾಗಿ ಕೆರೆ ಅಂಗಳದಲ್ಲಿ ಗೋಡೆ ಏಳುತ್ತಿದ್ದರೆ ಪಿಡಿಒ 'ಜಮೀನು ಕಂದಾಯದ್ದು' ಎನ್ನುತ್ತಾರೆ, ತಾಲ್ಲೂಕು ಕಚೇರಿ 'ಕಟ್ಟಡ ಪಂಚಾಯಿತಿಯದ್ದು' ಎನ್ನುತ್ತದೆ. ಅಷ್ಟರಲ್ಲಿ ಆರ್‌ಸಿಸಿ ಬಿದ್ದಿರುತ್ತದೆ. ಆಮೇಲೆ ಆ ಮನೆಗೆ ಮನೆ ಕಂದಾಯದ ರಸೀದಿ, ಬೀದಿದೀಪ, ನಲ್ಲಿ ಒಂದೊಂದಾಗಿ ಬರುತ್ತವೆ.

ಭೂಕಂದಾಯ ಕಾಯ್ದೆಗೆ ಆಮೇಲೆ ಸೇರಿದ 192ಎ ಸೆಕ್ಷನ್ ಸರ್ಕಾರಿ ಜಮೀನು ಒತ್ತಿದವರ ಜೊತೆಗೆ, ಒತ್ತುವರಿಯನ್ನು ವರದಿ ಮಾಡಿ ತೆರವು ಮಾಡಿಸಬೇಕಾದ ಹೊಣೆ ಹೊತ್ತೂ ಸುಮ್ಮನಿದ್ದವರಿಗೂ ಶಿಕ್ಷೆ ಹೇಳುತ್ತದೆ. ನಮ್ಮ ಊರುಗಳಲ್ಲಿ ಇದರ ಮೊದಲ ಅರ್ಧ ಎಲ್ಲರಿಗೂ ಗೊತ್ತು, ಎರಡನೆಯದರ ಮಾತು ಕೇಳುವುದು ಅಪರೂಪ.

ತೆರವಿನ ಜೊತೆಜೊತೆಗೆ ಸಕ್ರಮವೂ ನಡೆದುಬಂತು. ಬಗರ್‌ಹುಕುಂ ಸಾಗುವಳಿದಾರರಿಗೆ ನಮೂನೆ 50 ಬಂದಾಗ ಗಡುವು 14 ಏಪ್ರಿಲ್ 1990 ಆಗಿತ್ತು. ನಂತರ ನಮೂನೆ 53 ಬಂತು. 2018ರ ನಮೂನೆ 57ರ ಹೊತ್ತಿಗೆ ಗಡುವು 2005ಕ್ಕೆ ಸರಿದಿತ್ತು. ನಗರಗಳ ಅಕ್ರಮ-ಸಕ್ರಮಕ್ಕೆ 2014ರಲ್ಲಿ ನಿಯಮ ಬಂದವು, 2017ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ತಡೆ ಕೊಟ್ಟಿತು. ತುಂಡು ನೆಲವಿಲ್ಲದವನು ಉತ್ತ ಎರಡೆಕರೆಯೂ, ರಾಜಕಾಲುವೆ ಮುಚ್ಚಿ ಮಾಡಿದ ಬಡಾವಣೆಯೂ ನಮ್ಮ ಭಾಷೆಯಲ್ಲಿ 'ಒತ್ತುವರಿ'ಯೇ. ಒಂದೇ ಪದದ ನೆರಳಲ್ಲಿ ದೊಡ್ಡವರು ಬಡವರ ಹಿಂದೆ ನಿಂತುಬಿಡುತ್ತಾರೆ.

ಈ ವ್ಯತ್ಯಾಸವನ್ನು ಸುಪ್ರೀಂ ಕೋರ್ಟ್ ಗುರುತಿಸಿದ್ದು 2011ರ ಜಗ್ಪಾಲ್ ಸಿಂಗ್ ಪ್ರಕರಣದಲ್ಲಿ. ಪಟಿಯಾಲ ಜಿಲ್ಲೆಯ ರೋಹರ್ ಜಾಗೀರ್ ಗ್ರಾಮದ ಕೊಳದ ಜಾಗದಲ್ಲಿ ಮನೆ ಕಟ್ಟಿಕೊಂಡವರಿಂದ ಹಣ ಕಟ್ಟಿಸಿಕೊಂಡು ಸಕ್ರಮ ಮಾಡಲು ಅಲ್ಲಿನ ಆಡಳಿತ ಹೊರಟಿತ್ತು. ಕೋರ್ಟ್ ಒಪ್ಪಲಿಲ್ಲ. ಊರೊಟ್ಟಿನ ಜಾಗ ಬಿಡಿಸಲು ಎಲ್ಲ ರಾಜ್ಯಗಳೂ ಯೋಜನೆ ಮಾಡಬೇಕೆಂದಿತು. ಭೂಹೀನ ಕೂಲಿಕಾರರು, ಪರಿಶಿಷ್ಟರಿಗೆ ಸರ್ಕಾರವೇ ಗುತ್ತಿಗೆ ಕೊಟ್ಟ ಜಾಗ, ಈಗಾಗಲೇ ಶಾಲೆ, ದವಾಖಾನೆ ಇರುವ ಜಾಗದಂಥ ವಿಶೇಷ ಸಂದರ್ಭಗಳಲ್ಲಿ ಮಾತ್ರ ಸಕ್ರಮಕ್ಕೆ ಅವಕಾಶ ಉಳಿಸಿತು. ಎಷ್ಟು ವರ್ಷದಿಂದ ಇದ್ದೇವೆ, ಎಷ್ಟು ಖರ್ಚು ಮಾಡಿದ್ದೇವೆ ಎಂಬ ವಾದ ನಡೆಯದು ಎಂದೂ ಹೇಳಿತು.

2024ರ ನವೆಂಬರ್ 13ರಂದು ಬುಲ್ಡೋಜರ್ ಪ್ರಕರಣದ ತೀರ್ಪು ಬಂತು. ಕಟ್ಟಡ ಕೆಡವುವ ಮೊದಲು ಕನಿಷ್ಠ 15 ದಿನದ ನೋಟಿಸ್ ಕೊಡಬೇಕು, ಮಾಲೀಕರ ಮಾತು ಕೇಳಬೇಕು, ಕಾರಣ ಬರೆದ ಆದೇಶ ಇರಬೇಕು, ಕೆಡವುವುದನ್ನು ವಿಡಿಯೊ ಮಾಡಬೇಕು. ತಪ್ಪಿದರೆ ಅಧಿಕಾರಿಯೇ ಹೊಣೆ. ಆದರೆ ರಸ್ತೆ, ಪಾದಚಾರಿ ಮಾರ್ಗ, ರೈಲು ಹಳಿ, ನದಿ, ಕೆರೆಯಂಥ ಜಾಗದ ಅನಧಿಕೃತ ಕಟ್ಟಡಗಳಿಗೆ ಈ ನಿರ್ದೇಶನಗಳು ಅನ್ವಯಿಸುವುದಿಲ್ಲ. ಅಂದರೆ ಕೆರೆ ಅಂಗಳದಲ್ಲಿ ಗುಡಿಸಲು ಹಾಕಿಕೊಂಡವರಿಗೆ ಈ ರಕ್ಷಣೆ ಸಿಗುವುದಿಲ್ಲ. ಅಂಥ ಕುಟುಂಬಕ್ಕೆ ಮೊದಲ ದಿನವೇ 'ಇಲ್ಲಿ ಬೇಡ' ಎಂದು ಹೇಳಿ ಬೇರೆ ನಿವೇಶನ ತೋರಿಸುವುದು ಪಂಚಾಯಿತಿ ಮಾಡಬಹುದಾದ ದೊಡ್ಡ ಉಪಕಾರ. ಸುಮ್ಮನಿದ್ದು, ಕಂದಾಯ ವಸೂಲಿ ಮಾಡಿ, ಇಪ್ಪತ್ತು ವರ್ಷದ ಮೇಲೆ ಜೆಸಿಬಿಗೆ ದಾರಿ ಬಿಡುವುದು ಕರುಣೆಯಲ್ಲ.

ಆರಂಭದಲ್ಲೇ ಮಾಡಿದರೆ ಈ ಕರ್ತವ್ಯಕ್ಕೆ ಹೆಚ್ಚು ಖರ್ಚಿಲ್ಲ. ಸರ್ವೆ ಮಾಡಿಸಿ ಗಡಿ ಕಲ್ಲು ನೆಡಬೇಕು, ಪರವಾನಗಿ ಇಲ್ಲದ ಕಟ್ಟಡಕ್ಕೆ ಪಾಯದ ಹಂತದಲ್ಲೇ ನೋಟಿಸ್ ಕೊಡಬೇಕು, ತಹಶೀಲ್ದಾರರಿಗೆ ಬರೆದ ಪತ್ರಕ್ಕೆ ಸ್ವೀಕೃತಿ ಇಟ್ಟುಕೊಳ್ಳಬೇಕು. ಈ ಕಾಗದಗಳು ಪಂಚಾಯಿತಿಯಲ್ಲಿ ಇವೆಯೇ ಎಂದು ಗ್ರಾಮಸಭೆಯಲ್ಲಿ ಯಾರು ಬೇಕಾದರೂ ಕೇಳಬಹುದು. ಇಲ್ಲ ಎಂಬ ಉತ್ತರ ಬಂದರೆ ಅದನ್ನು ನಡಾವಳಿ ಪುಸ್ತಕದಲ್ಲಿ ಬರೆಸೋಣ. ಸುದ್ದಿ ಅಲ್ಲಿಂದಲೇ ಶುರುವಾಗಲಿ.